ಶಾಲೆಯ ನಲ್ಲಿಯಲ್ಲಿ ನೀರು ಬರುತ್ತಾ ಅಂತ ಕೋರ್ಟು ಪೋಷಕರನ್ನೂ ಕೇಳಲಿ

ಮಾನ್ಯ ಸಂಪಾದಕರೇ,

ಸರ್ಕಾರಿ ಶಾಲೆಗಳಿಗೆ ಮೂಲಸೌಕರ್ಯ ಕೊಡಿಸಿ ಅಂತ ಹೈಕೋರ್ಟಿಗೆ ಹೋಗುವ ಅರ್ಜಿಗಳ ಸುದ್ದಿ ಪತ್ರಿಕೆಗಳಲ್ಲಿ ಆಗಾಗ ಬರುತ್ತದೆ. ಸರ್ಕಾರಕ್ಕೆ ನ್ಯಾಯಪೀಠದ ತರಾಟೆ, ವರದಿ ಸಲ್ಲಿಸಲು ಕಾಲಾವಕಾಶ, ವಿಚಾರಣೆ ಮುಂದೂಡಿಕೆ. ಇಂಥ ಸುದ್ದಿಗಳನ್ನು ನಾನು ಒಂದೂ ಬಿಡದೆ ಓದುತ್ತೇನೆ. ಯಾಕಂದ್ರೆ ನನ್ನ ಮಗಳು ಬೆಂಗಳೂರಿನ ಪಶ್ಚಿಮ ಭಾಗದ ಒಂದು ಸರ್ಕಾರಿ ಹಿರಿಯ ಪ್ರಾಥಮಿಕ ಶಾಲೆಯಲ್ಲಿ ಏಳನೇ ಕ್ಲಾಸು ಓದುತ್ತಿದ್ದಾಳೆ, ಮತ್ತು ನಾನು ಅಲ್ಲಿನ ಎಸ್‌ಡಿಎಂಸಿ, ಅಂದ್ರೆ ಶಾಲಾಭಿವೃದ್ಧಿ ಮತ್ತು ಮೇಲುಸ್ತುವಾರಿ ಸಮಿತಿಯ ಸದಸ್ಯೆ. ನನಗೆ ಹೇಳಬೇಕಾಗಿರುವುದು ಒಂದೇ ವಿಷಯ. ಶಾಲೆಯಲ್ಲಿ ಏನಿದೆ, ಏನಿಲ್ಲ ಅಂತ ಕೋರ್ಟಿನ ಮುಂದೆ ಹೇಳುತ್ತಿರುವುದು ಹೆಚ್ಚಾಗಿ ಅಧಿಕಾರಿಗಳ ಅಫಿಡವಿಟ್. ಆ ಅಫಿಡವಿಟ್‌ ಜೊತೆ ಪೋಷಕರ ಸಹಿಯೂ ಇರಬೇಕು. ಇಲ್ಲದಿದ್ದರೆ ಎಷ್ಟು ಆದೇಶ ಬಂದರೂ ಅದು ನಮ್ಮ ಶಾಲೆಯ ಗೇಟು ದಾಟಿ ಒಳಗೆ ಬರುವುದಿಲ್ಲ.

ಆದೇಶಗಳಿಗೇನೂ ಕೊರತೆಯಿಲ್ಲ. ಶಿಕ್ಷಣ ಮೂಲಭೂತ ಹಕ್ಕು ಅಂತ ಸುಪ್ರೀಂ ಕೋರ್ಟ್ ಸ್ಪಷ್ಟವಾಗಿ ಹೇಳಿದ್ದು ನಮ್ಮ ರಾಜ್ಯದ್ದೇ ಒಂದು ಕೇಸಿನಲ್ಲಿ, 1992ರ ಮೋಹಿನಿ ಜೈನ್ ಪ್ರಕರಣದಲ್ಲಿ. ಅದು ಮೆಡಿಕಲ್ ಕಾಲೇಜಿನ ಕ್ಯಾಪಿಟೇಶನ್ ಶುಲ್ಕದ ವಿಷಯ. ಹತ್ತು ವರ್ಷ ಆದ ಮೇಲೆ, 2002ರಲ್ಲಿ, 86ನೇ ತಿದ್ದುಪಡಿ ಬಂದು ಸಂವಿಧಾನದಲ್ಲಿ ಮಕ್ಕಳ ಶಿಕ್ಷಣದ ಹಕ್ಕಿನ 21ಎ ವಿಧಿ ಸೇರಿತು. 2009ರ ಶಿಕ್ಷಣ ಹಕ್ಕು ಕಾಯ್ದೆ 2010ರ ಏಪ್ರಿಲ್ 1ರಿಂದ ಜಾರಿಗೆ ಬಂತು. ಆ ಕಾಯ್ದೆಯ ಕೊನೆಯಲ್ಲಿ ಒಂದು ಪಟ್ಟಿ ಇದೆ. ಪ್ರತಿ ಶಿಕ್ಷಕರಿಗೆ ಒಂದು ಕೊಠಡಿ, ಗಂಡು ಮಕ್ಕಳಿಗೆ ಹೆಣ್ಣು ಮಕ್ಕಳಿಗೆ ಬೇರೆ ಬೇರೆ ಶೌಚಾಲಯ, ಕುಡಿಯುವ ನೀರು, ಅಡುಗೆ ಮನೆ, ಆಟದ ಮೈದಾನ, ಗ್ರಂಥಾಲಯ, ಸುತ್ತ ಕಾಂಪೌಂಡ್. ಇವೆಲ್ಲ ಹಳೆಯ ಶಾಲೆಗಳಲ್ಲೂ ಮೂರು ವರ್ಷದೊಳಗೆ ಆಗಬೇಕು ಅಂತ ಕಾಯ್ದೆಯೇ ಗಡುವು ಹಾಕಿತ್ತು. ಅಂದ್ರೆ 2013ರ ಮಾರ್ಚ್ ಕೊನೆ. ಆ ಗಡುವು ಇನ್ನೂ ಇರುವಾಗಲೇ, 2012ರ ಅಕ್ಟೋಬರ್ 3ರಂದು, ಎಲ್ಲ ಶಾಲೆಗಳಿಗೂ ನೀರು, ಶೌಚಾಲಯ ಆರು ತಿಂಗಳೊಳಗೆ ಆಗಲೇಬೇಕು ಅಂತ ಸುಪ್ರೀಂ ಕೋರ್ಟ್ ಆದೇಶ ಮಾಡಿತು. ಆ ಅರ್ಜಿ 2004ರಿಂದ ಬಾಕಿ ಇದ್ದದ್ದು.

ಎರಡೂ ಗಡುವು ಮುಗಿದ ಅದೇ 2013ರಲ್ಲಿ ನಮ್ಮ ಹೈಕೋರ್ಟು ಪತ್ರಿಕಾ ವರದಿಯೊಂದನ್ನು ನೋಡಿ ತಾನಾಗಿಯೇ ಒಂದು ಸಾರ್ವಜನಿಕ ಹಿತಾಸಕ್ತಿ ಅರ್ಜಿ ದಾಖಲಿಸಿಕೊಂಡಿತು. ಮೊದಲು ಅದು ಶಾಲೆ ಬಿಟ್ಟ ಮಕ್ಕಳ ಬಗ್ಗೆ ಇತ್ತು. ಮಕ್ಕಳು ಯಾಕೆ ಶಾಲೆಗೆ ಬರುತ್ತಿಲ್ಲ ಅಂತ ಕೆದಕುತ್ತಾ ಹೋದಾಗ ವಿಷಯ ನೀರು, ಶೌಚಾಲಯ, ಕೊಠಡಿಗಳಿಗೆ ಬಂದು ನಿಂತಿತು. ಬರಲೇಬೇಕಲ್ವಾ? 2023ರಲ್ಲಿ ಅಂದಿನ ಮುಖ್ಯ ನ್ಯಾಯಮೂರ್ತಿ ಪ್ರಸನ್ನ ಬಿ. ವರಾಳೆ ಅವರಿದ್ದ ಪೀಠ ಇದೇ ಕೇಸಿನಲ್ಲಿ ಸರ್ಕಾರವನ್ನು ಚೆನ್ನಾಗಿ ತರಾಟೆಗೆ ತೆಗೆದುಕೊಂಡಿತು. ಲೆಕ್ಕ ಹಾಕಿ ನೋಡಿ. 2013ರಲ್ಲಿ ಒಂದನೇ ಕ್ಲಾಸಿಗೆ ಸೇರಿದ ಮಗು 2023ಕ್ಕೆ ಎಸ್ಸೆಸ್ಸೆಲ್ಸಿ ಬರೆದು ಶಾಲೆಯಿಂದಲೇ ಹೊರಗೆ ಹೋಗಿರುತ್ತದೆ.

ನಮ್ಮ ಶಾಲೆಯ ಶೌಚಾಲಯದ ಬಗ್ಗೆ ಸ್ವಲ್ಪ ವಿವರವಾಗಿ ಬರೆಯುತ್ತೇನೆ, ಬೇಸರ ಮಾಡಿಕೊಳ್ಳಬೇಡಿ. ಕಟ್ಟಡದ ಹಿಂದೆ ಹೊಸ ಬ್ಲಾಕ್ ಇದೆ. ಒಳಗೆ ಬಿಳಿ ಟೈಲ್ಸ್ ಹಾಕಿದ್ದಾರೆ, ಗೋಡೆ ಮೇಲೆ ಯೋಜನೆಯ ಹೆಸರು ಬರೆದಿದ್ದಾರೆ. ಹುಡುಗಿಯರಿಗೆ ಎರಡು, ಹುಡುಗರಿಗೆ ಎರಡು. ಮೇಲೆ ಕಪ್ಪು ಸಿಂಟೆಕ್ಸ್ ಟ್ಯಾಂಕು ಕೂರಿಸಿದ್ದಾರೆ. ಆದರೆ ಸಂಪಿನಿಂದ ಟ್ಯಾಂಕಿಗೆ ನೀರು ಏರಿಸುವ ಮೋಟಾರು ಸುಟ್ಟು ಹೋಗಿ ಬಹಳ ದಿನ ಆಯ್ತು, ರಿಪೇರಿಗೆ ಯಾವ ಲೆಕ್ಕದಲ್ಲಿ ದುಡ್ಡು ತೆಗೆಯಬೇಕು ಅಂತ ತೀರ್ಮಾನ ಆಗಿಲ್ಲ. ಸಂಪಿಗೂ ವಾರವಿಡೀ ನೀರು ಬರುವುದಿಲ್ಲ. ನೀರಿಲ್ಲದೆ ಬಾಗಿಲು ತೆಗೆದಿಟ್ಟರೆ ಎರಡೇ ದಿನಕ್ಕೆ ಒಳಗೆ ಕಾಲಿಡಲಾಗದ ಸ್ಥಿತಿ ಆಗುತ್ತದೆ ಅಂತ ಬೀಗ ಹಾಕಿದ್ದಾರೆ. ಬೀಗದ ಕೈ ಸ್ಟಾಫ್ ರೂಮಿನ ಮೇಜಿನ ಡ್ರಾಯರಿನಲ್ಲಿದೆ. ತೀರಾ ತಡೆಯಲಾಗದ ಮಗು ಹೋಗಿ ಕೇಳಿದರೆ ಟೀಚರ್ ಕೊಡುತ್ತಾರೆ, ಜೊತೆಗೆ ಅರ್ಧ ಬಕೆಟ್ ನೀರು. ಐದನೇ ಕ್ಲಾಸಿನ ಹುಡುಗಿ ಎಲ್ಲರೆದುರು ಎದ್ದು ಹೋಗಿ ಕೇಳುತ್ತಾಳಾ?

ನನ್ನ ಮಗಳು ಬೆಳಿಗ್ಗೆ ಮನೆಯಲ್ಲಿ ನೀರು ಕುಡಿಯುವುದನ್ನೇ ಬಿಟ್ಟಿದ್ದಾಳೆ. ಬಾಟಲಿ ತುಂಬಿಸಿ ಕೊಟ್ಟರೆ ಸಂಜೆ ಹಾಗೇ ವಾಪಸ್ ಬರುತ್ತದೆ. ಶಾಲೆಯಲ್ಲಿ ಕೊಡುವ ಕ್ಷೀರಭಾಗ್ಯದ ಹಾಲನ್ನೂ ಪಕ್ಕದಲ್ಲಿ ಕೂರುವ ಹುಡುಗನಿಗೆ ಕೊಟ್ಟು ಬಿಡುತ್ತಾಳಂತೆ. ಹಾಲು ಕುಡಿದರೆ ಶೌಚಾಲಯಕ್ಕೆ ಹೋಗಬೇಕಾಗುತ್ತದಲ್ಲ, ಅದಕ್ಕೆ. ಮುಟ್ಟಿನ ದಿನಗಳಲ್ಲಿ ದೊಡ್ಡ ಹುಡುಗಿಯರು ಶಾಲೆಗೇ ಬರುವುದಿಲ್ಲ. ಹಾಜರಿ ಪುಸ್ತಕದಲ್ಲಿ ಅದು ಬರೀ ಗೈರುಹಾಜರಿ.

ಮುಖ್ಯೋಪಾಧ್ಯಾಯಿನಿಯವರನ್ನು ನಾನು ಖಂಡಿತ ದೂರುತ್ತಿಲ್ಲ. ಅವರು ತಮ್ಮ ಕೈಯಿಂದ ದುಡ್ಡು ಹಾಕಿ ಟ್ಯಾಂಕರ್ ತರಿಸಿದ್ದನ್ನು ನಾನೇ ಕಣ್ಣಾರೆ ನೋಡಿದ್ದೇನೆ. ಪಾಠ ಮಾಡಬೇಕು, ಬಿಸಿಯೂಟದ ಲೆಕ್ಕ ಬರೆಯಬೇಕು, ಸಮೀಕ್ಷೆ ಬಂದರೆ ಅದಕ್ಕೂ ಓಡಬೇಕು. ಅವರ ಮೇಲೆ ಇನ್ನೆಷ್ಟು ಹೊರಿಸುವುದು?

ಈಗ ಇದೇ ಶೌಚಾಲಯ ಕೋರ್ಟಿಗೆ ಹೇಗೆ ತಲುಪುತ್ತದೆ ನೋಡಿ. ಪ್ರತಿ ಶಾಲೆಯೂ ವರ್ಷಕ್ಕೊಮ್ಮೆ ಯುಡೈಸ್ ಅನ್ನುವ ಶಾಲಾ ಮಾಹಿತಿಯ ನಮೂನೆ ತುಂಬಬೇಕು. ಶೌಚಾಲಯ ಎಷ್ಟು, ಅದರಲ್ಲಿ ಬಳಕೆಗೆ ಯೋಗ್ಯವಾದದ್ದು ಎಷ್ಟು ಅಂತ ಎರಡೂ ಕೇಳುತ್ತಾರೆ. ಬಾಗಿಲಿದೆ, ಟೈಲ್ಸ್ ಇದೆ, ಕಮೋಡು ಒಡೆದಿಲ್ಲ. ಹಾಗಾಗಿ ನಾಲ್ಕಕ್ಕೆ ನಾಲ್ಕೂ ಯೋಗ್ಯ ಅಂತ ಬರೆಯುವುದು ಸುಲಭ. ಇಲ್ಲ ಅಂತ ಬರೆದರೆ ಮೇಲಿನವರು ಮುಖ್ಯೋಪಾಧ್ಯಾಯರಿಗೇ ಕಾರಣ ಕೇಳುತ್ತಾರೆ. ಆ ಅಂಕಿ ಕ್ಲಸ್ಟರಿನಿಂದ ಬ್ಲಾಕಿಗೆ, ಬ್ಲಾಕಿನಿಂದ ಜಿಲ್ಲೆಗೆ, ಜಿಲ್ಲೆಯಿಂದ ರಾಜ್ಯಕ್ಕೆ ಏರುತ್ತದೆ, ಕೂಡುತ್ತಾ ಕೂಡುತ್ತಾ ದೊಡ್ಡದಾಗುತ್ತದೆ, ಕೊನೆಗೆ ವಿಧಾನಸೌಧದ ಎದುರಿನ ಅಠಾರ ಕಚೇರಿಯ ಹೈಕೋರ್ಟಿನಲ್ಲಿ ಸರ್ಕಾರಿ ವಕೀಲರು ಇಂತಿಷ್ಟು ಶಾಲೆ ಬಿಟ್ಟು ಮಿಕ್ಕ ಎಲ್ಲ ಕಡೆ ಶೌಚಾಲಯ ಇದೆ ಅಂತ ಹೇಳುತ್ತಾರೆ. ಅವರು ಸುಳ್ಳು ಹೇಳುತ್ತಿಲ್ಲ. ಅವರ ಕೈಗೆ ಬಂದ ಕಾಗದದಲ್ಲಿ ಇರುವುದೇ ಅದು. ನ್ಯಾಯಮೂರ್ತಿಗಳು ತಾನೇ ಏನು ಮಾಡಬೇಕು? 45 ಸಾವಿರಕ್ಕೂ ಜಾಸ್ತಿ ಸರ್ಕಾರಿ ಶಾಲೆಗಳಿರುವ ರಾಜ್ಯದಲ್ಲಿ ಅವರೇ ಹೋಗಿ ನಲ್ಲಿ ತಿರುಗಿಸಿ ನೋಡಲು ಆಗುವುದಿಲ್ಲ.

ಹಾಗಾಗಿಯೇ ಅರ್ಜಿಗಳ ಬೇಡಿಕೆಯೂ ಬದಲಾಗಬೇಕು ಅಂತ ನನಗೆ ಅನ್ನಿಸುತ್ತದೆ. ಕಟ್ಟಿಸಿಕೊಡಿ ಅಂತ ಕೇಳಿದರೆ ಕಟ್ಟಿಸುತ್ತಾರೆ, ಬಿಲ್ ಪಾಸಾಗುತ್ತದೆ, ಕೇಸೂ ಮುಗಿಯುತ್ತದೆ. ನಡೆಸಿಕೊಡಿ ಅಂತ ಕೇಳಬೇಕು. ಕೇಂದ್ರದ ಸಮಗ್ರ ಶಿಕ್ಷಾ ಯೋಜನೆಯಲ್ಲಿ ಶಾಲೆಗೆ ವರ್ಷಕ್ಕೆ ಒಂದು ಅನುದಾನ ಇದೆ. 101ರಿಂದ 250 ಮಕ್ಕಳಿರುವ ಶಾಲೆಗೆ ಹೆಚ್ಚೆಂದರೆ 50 ಸಾವಿರ ರೂಪಾಯಿ. ಅದರಲ್ಲಿ ಕನಿಷ್ಠ ಶೇ 10ರಷ್ಟು ಸ್ವಚ್ಛತೆಗೆ ಖರ್ಚು ಮಾಡಬೇಕು ಅಂತ ನಿಯಮ. ಅಂದ್ರೆ 5 ಸಾವಿರ. ತಿಂಗಳಿಗೆ 420 ರೂಪಾಯಿಯೂ ಆಗುವುದಿಲ್ಲ. ಇದರಲ್ಲಿ ಫಿನಾಯಿಲ್, ಪೊರಕೆ, ಬ್ಲೀಚಿಂಗ್ ಪೌಡರ್ ತಂದು ತೊಳೆಯುವವರಿಗೆ ಕೂಲಿಯನ್ನೂ ಕೊಡಬೇಕಾ? ಸ್ವಚ್ಛತೆಗೆ ಇನ್ನೂ ಸ್ವಲ್ಪ ಜಾಸ್ತಿ ತೆಗೆಯೋಣ ಅಂದ್ರೆ ಸೀಮೆಸುಣ್ಣ, ಕಾಗದ, ಬಲ್ಬು, ಸಣ್ಣಪುಟ್ಟ ರಿಪೇರಿ ಎಲ್ಲಕ್ಕೂ ಅದೇ 50 ಸಾವಿರವೇ ಗತಿ. ನಮ್ಮ ಶಾಲೆಗೆ ಸ್ವಚ್ಛತೆಯ ಕೆಲಸಕ್ಕೆ ಅಂತ ಒಬ್ಬ ನೌಕರರೂ ಇಲ್ಲ.

2023ರ ಡಿಸೆಂಬರ್ ನೆನಪಿದೆಯಾ? ಮಾಲೂರು ತಾಲೂಕಿನ ವಸತಿ ಶಾಲೆಯೊಂದರಲ್ಲಿ ಮಕ್ಕಳನ್ನು ಶೌಚಗುಂಡಿಗೆ ಇಳಿಸಿದ್ದರು. ಅದೇ ತಿಂಗಳು ಬೆಂಗಳೂರಿನ ಶಾಲೆಯೊಂದರಲ್ಲಿ ಮಕ್ಕಳ ಕೈಯಲ್ಲಿ ಶೌಚಾಲಯ ತೊಳೆಸಿದ ವಿಡಿಯೊ ಎಲ್ಲರ ಫೋನಿಗೂ ಬಂತು. ಅಮಾನತು ಆಯಿತು, ಕೇಸು ಆಯಿತು. ಆಗಲೇಬೇಕಿತ್ತು, ಮಕ್ಕಳ ಕೈಯಲ್ಲಿ ಆ ಕೆಲಸ ಮಾಡಿಸಿದವರಿಗೆ ಕ್ಷಮೆ ಇರಬಾರದು. ಆದರೆ ಅದಾದ ಮೇಲೂ ನಮ್ಮಂಥ ಶಾಲೆಗಳಲ್ಲಿ ಶೌಚಾಲಯ ತೊಳೆಯುವವರು ಯಾರು ಅನ್ನುವ ಪ್ರಶ್ನೆಗೆ ಉತ್ತರ ಸಿಕ್ಕಿಲ್ಲ. ಈ ಪ್ರಶ್ನೆ ಅರ್ಜಿಯಲ್ಲಿ ಮೊದಲ ಸಾಲಿಗೆ ಬರಬೇಕು. ಸ್ವಚ್ಛತೆಗೆ ಸಂಬಳದ ಮೇಲೆ ಒಬ್ಬರು, ಅವರಿಗೆ ಗ್ಲೌಸು ಬೂಟು, ನೀರಿನ ಸಂಪರ್ಕ, ಮೋಟಾರು ಕೆಟ್ಟರೆ ಎಷ್ಟು ದಿನದೊಳಗೆ ಯಾರು ಸರಿ ಮಾಡಬೇಕು, ಇಷ್ಟನ್ನೂ ಆದೇಶದಲ್ಲಿ ಬರೆಸಿಕೊಳ್ಳಬೇಕು.

ಹೀಗೆ ಇಂಚಿಂಚಾಗಿ ಬರೆಸಿಕೊಂಡರೆ ಕೆಲಸ ಆಗುತ್ತದೆ ಅನ್ನುವುದಕ್ಕೆ ನಮ್ಮ ಮಕ್ಕಳ ತಟ್ಟೆಯೇ ಸಾಕ್ಷಿ. ಬಿಸಿಯೂಟವೂ ಒಂದು ಅರ್ಜಿಯ ಫಲ ಅಂತ ಎಷ್ಟೋ ಪೋಷಕರಿಗೆ ಗೊತ್ತಿಲ್ಲ. ಬರಗಾಲದಲ್ಲಿ ಗೋದಾಮುಗಳಲ್ಲಿ ಧಾನ್ಯ ಕೊಳೆಯುತ್ತಿದ್ದಾಗ, 2001ರಲ್ಲಿ, ಪಿಯುಸಿಎಲ್ ಅನ್ನುವ ನಾಗರಿಕ ಹಕ್ಕುಗಳ ಸಂಸ್ಥೆ ಸುಪ್ರೀಂ ಕೋರ್ಟಿಗೆ ಹೋಯಿತು. ಆ ವರ್ಷದ ನವೆಂಬರ್ 28ರ ಆದೇಶ ಮಕ್ಕಳಿಗೆ ಆಹಾರ ಕೊಡಿ ಅಂತ ಸುಮ್ನೆ ಹೇಳಿ ಬಿಡಲಿಲ್ಲ. ಬೇಯಿಸಿದ ಊಟವೇ ಆಗಬೇಕು, ಕನಿಷ್ಠ 300 ಕ್ಯಾಲೊರಿ, 8ರಿಂದ 12 ಗ್ರಾಂ ಪ್ರೋಟೀನ್, ವರ್ಷಕ್ಕೆ ಕನಿಷ್ಠ 200 ದಿನ ಅಂತ ಬಿಡಿಸಿ ಬರೆಯಿತು. ಅಷ್ಟಕ್ಕೇ ನಿಲ್ಲದೆ, ರಾಜ್ಯಗಳು ಹೇಳಿದ್ದನ್ನೇ ನಂಬಿ ಕೂರದೆ, ತನ್ನ ಕಡೆಯಿಂದ ಆಯುಕ್ತರನ್ನು ನೇಮಿಸಿ ಊರೂರಿನ ವರದಿ ತರಿಸಿಕೊಂಡಿತು. ಆ ಅರ್ಜಿಯನ್ನು ವರ್ಷಗಟ್ಟಲೆ ಜೀವಂತ ಇಟ್ಟುಕೊಂಡಿತು. ಕರ್ನಾಟಕದಲ್ಲಿ 2002ರಲ್ಲಿ ಈಶಾನ್ಯದ ಏಳು ಜಿಲ್ಲೆಗಳಲ್ಲಿ ಅಕ್ಷರ ದಾಸೋಹ ಅನ್ನುವ ಹೆಸರಿನಲ್ಲಿ ಬಿಸಿಯೂಟ ಶುರುವಾಯಿತು, ಆಮೇಲೆ ಇಡೀ ರಾಜ್ಯಕ್ಕೆ ಬಂತು. ಇವತ್ತು ಯಾವ ಪಕ್ಷದ ಸರ್ಕಾರ ಬಂದರೂ ಬಿಸಿಯೂಟ ನಿಲ್ಲಿಸುವ ಧೈರ್ಯ ಮಾಡುವುದಿಲ್ಲ. ಒಂದು ದಿನ ಅನ್ನ ಬೇಯದಿದ್ದರೆ ಮಧ್ಯಾಹ್ನದೊಳಗೆ ಊರಿಗೆಲ್ಲ ಗೊತ್ತಾಗುತ್ತದೆ. ನೀರಿನ ಟ್ಯಾಂಕು ಖಾಲಿಯಿದ್ದರೆ ಗೊತ್ತಾಗುವುದು ಆ ಹುಡುಗಿಯರಿಗೆ ಮಾತ್ರ.

ಇನ್ನೊಂದು ಮಾತು. ಖಾಸಗಿ ಶಾಲೆಗಳಲ್ಲಿ ಆರ್‌ಟಿಇ, ಅಂದ್ರೆ ಇದೇ ಶಿಕ್ಷಣ ಹಕ್ಕು ಕಾಯ್ದೆ ಅಡಿ ಬಡ ಮಕ್ಕಳಿಗೆ ಶೇ 25ರಷ್ಟು ಸೀಟು ಸಿಗುತ್ತಿತ್ತಲ್ಲ, ಅದು ನಮ್ಮಂಥವರಿಗೆ ಒಂದು ಆಸರೆಯಾಗಿತ್ತು. 2019ರ ಜನವರಿಯಲ್ಲಿ ಸರ್ಕಾರ ನಿಯಮ ಬದಲಿಸಿತು. ಅಕ್ಕಪಕ್ಕದಲ್ಲಿ ಸರ್ಕಾರಿ ಅಥವಾ ಅನುದಾನಿತ ಶಾಲೆ ಇದ್ದರೆ ಖಾಸಗಿ ಶಾಲೆಯಲ್ಲಿ ಆ ಸೀಟು ಇಲ್ಲ. ಇದನ್ನು ಪ್ರಶ್ನಿಸಿದ ಅರ್ಜಿಗಳನ್ನು ಹೈಕೋರ್ಟು ಅದೇ ವರ್ಷದ ಮೇ 31ರಂದು ವಜಾ ಮಾಡಿತು. ಬೆಂಗಳೂರಿನಲ್ಲಿ ಎಲ್ಲಿ ನೋಡಿದರೂ ಒಂದು ಸರ್ಕಾರಿ ಶಾಲೆ ಹತ್ತಿರದಲ್ಲಿ ಇದ್ದೇ ಇರುತ್ತದೆ. ಹಾಗಾಗಿ ಈ ನಗರದ ಬಡವರ ಮಕ್ಕಳಿಗೆ ಆ ದಾರಿ ಹೆಚ್ಚುಕಡಿಮೆ ಮುಚ್ಚಿತು. ಸರ್ಕಾರಿ ದುಡ್ಡು ಸರ್ಕಾರಿ ಶಾಲೆಗೇ ಹೋಗಲಿ ಅನ್ನುವ ವಾದವನ್ನು ನಾನೂ ಒಪ್ಪುತ್ತೇನೆ, ಮನಸಾರೆ ಒಪ್ಪುತ್ತೇನೆ. ಆದರೆ ಹತ್ತಿರದಲ್ಲಿ ನಮ್ಮ ಶಾಲೆ ಇದೆ, ಅಲ್ಲಿಗೇ ಕಳಿಸಿ ಅಂತ ಹೇಳಿದ ಮೇಲೆ ಆ ಶಾಲೆಯನ್ನು ಕಾಯ್ದೆಯ ಪಟ್ಟಿಗೆ ತಕ್ಕ ಹಾಗೆ ಇಟ್ಟುಕೊಳ್ಳುವ ಹೊಣೆ ಎರಡು ಪಟ್ಟು ಆಗುತ್ತದೆ. ಮುಂದಿನ ಅರ್ಜಿ ಬರೆಯುವವರು ಈ ಅಂಶವನ್ನು ದಯವಿಟ್ಟು ಬಿಡಬೇಡಿ.

ಮಕ್ಕಳೇ ಕಡಿಮೆ ಆಗುತ್ತಿದ್ದಾರೆ, ಖರ್ಚು ಯಾಕೆ ಮಾಡಬೇಕು, ನಾಲ್ಕು ಶಾಲೆ ಸೇರಿಸಿ ಒಂದು ಮಾಡಿದರೆ ಆಯ್ತಲ್ಲ ಅಂತ ಕೆಲವರು ಕೇಳುತ್ತಾರೆ. ಮಕ್ಕಳು ಕಡಿಮೆ ಆದದ್ದು ಯಾಕೆ ಅಂತ ಅವರು ಒಮ್ಮೆ ನಮ್ಮ ಬೀದಿಗೆ ಬಂದು ಕೇಳಲಿ. ನನ್ನ ಜೊತೆ ಗಾರ್ಮೆಂಟ್ಸ್‌ನಲ್ಲಿ ಕೆಲಸ ಮಾಡುವ ಗೆಳತಿ ಸಂಬಳದ ಮುಕ್ಕಾಲು ಪಾಲು ಖಾಸಗಿ ಶಾಲೆಯ ಫೀಸಿಗೇ ಕಟ್ಟುತ್ತಾಳೆ. ಇಂಗ್ಲಿಷ್ ಆಸೆ ಇದೆ ನಿಜ, ಆದರೆ ಅವಳು ಮಗಳನ್ನು ನಮ್ಮ ಶಾಲೆಯಿಂದ ಬಿಡಿಸಿದ್ದು ಬಾತ್‌ರೂಮಿನ ಕಾರಣಕ್ಕೆ. ಇನ್ನು ಈಗ ನಮ್ಮ ಶಾಲೆಯಲ್ಲಿ ಇರುವವರು ಯಾರು? ರಾಯಚೂರು, ಯಾದಗಿರಿ, ಕಲಬುರಗಿ ಕಡೆಯಿಂದ ಕಟ್ಟಡದ ಕೆಲಸಕ್ಕೆ ಬಂದವರ ಮಕ್ಕಳು, ಮನೆಗೆಲಸದವರ ಮಕ್ಕಳು. ಎರಡು ಕಿಲೋಮೀಟರ್ ಆಚೆಗಿನ ದೊಡ್ಡ ಶಾಲೆಗೆ ಸೇರಿಸುತ್ತೇವೆ ಅಂದ್ರೆ, ಬೆಂಗಳೂರಿನ ಈ ಟ್ರಾಫಿಕ್‌ನಲ್ಲಿ ಮೇನ್ ರೋಡು ದಾಟಿಸಿ ಆರು ವರ್ಷದ ಮಗುವನ್ನು ಕಳಿಸುವವರು ಯಾರು? ಅಪ್ಪ ಅಮ್ಮ ಇಬ್ಬರೂ ಬೆಳಿಗ್ಗೆ ಏಳಕ್ಕೇ ಸೈಟಿನಲ್ಲಿ ಇರುತ್ತಾರೆ.

ಶನಿವಾರ ಕಂಪನಿಗಳವರು ಬಂದು ಗೋಡೆಗೆ ಬಣ್ಣ ಹೊಡೆದು ಕೊಡುತ್ತಾರೆ, ಬೆಂಚು ಕೊಡುತ್ತಾರೆ, ಕಂಪ್ಯೂಟರ್ ಕೊಡುತ್ತಾರೆ. ಅವರ ಮೇಲೆ ನನಗೆ ನಿಜವಾದ ಕೃತಜ್ಞತೆ ಇದೆ, ಮಕ್ಕಳು ಆ ದಿನ ಕುಣಿದಾಡುತ್ತಾರೆ. ಆದರೆ ಮಗುವಿನ ಹಕ್ಕು ಯಾರದೋ ಔದಾರ್ಯದ ಮೇಲೆ ನಿಲ್ಲಬಾರದು. ಐಟಿ ಪಾರ್ಕಿನ ಪಕ್ಕದ ಶಾಲೆಗೆ ಸಿಕ್ಕಿದ್ದು ಸುಮನಹಳ್ಳಿ ಕಡೆಯ ಶಾಲೆಗೆ ಸಿಗುವುದಿಲ್ಲ.

ಬೆಂಗಳೂರಿನದೇ ಒಂದು ತೊಡಕು ಇದೆ. ಶಿಕ್ಷಕರು ಒಂದು ಇಲಾಖೆಯವರು, ನೀರು ಇನ್ನೊಬ್ಬರದು, ಕರೆಂಟು ಮತ್ತೊಬ್ಬರದು, ಹೊರಗಿನ ಚರಂಡಿ ಪಾಲಿಕೆಯದು. 2025ರ ಸೆಪ್ಟೆಂಬರ್‌ನಿಂದ ಬಿಬಿಎಂಪಿ ಹೋಗಿ ಗ್ರೇಟರ್ ಬೆಂಗಳೂರು ಪ್ರಾಧಿಕಾರದ ಕೆಳಗೆ ಐದು ಪಾಲಿಕೆಗಳು ಆಗಿವೆ. ಒಬ್ಬರನ್ನು ಕೇಳಿದರೆ ಇನ್ನೊಬ್ಬರ ಕಡೆ ಬೆರಳು ತೋರಿಸಲು ಇದಕ್ಕಿಂತ ಅನುಕೂಲ ಬೇಕಾ? ಎಷ್ಟೋ ಶಾಲೆಗಳ ಜಾಗದ ಖಾತೆಯೇ ಶಾಲೆಯ ಹೆಸರಿನಲ್ಲಿಲ್ಲ, ದಾನ ಕೊಟ್ಟವರ ಮೊಮ್ಮಕ್ಕಳು ಬಂದು ಕಾಂಪೌಂಡ್ ಕಟ್ಟಬೇಡಿ ಅನ್ನುತ್ತಾರೆ. ಹಾಗಾಗಿ ನಗರದ ಶಾಲೆಗಳ ಅರ್ಜಿಯಲ್ಲಿ ಶಿಕ್ಷಣ ಇಲಾಖೆಯೊಂದನ್ನೇ ಪ್ರತಿವಾದಿ ಮಾಡಿದರೆ ಸಾಲದು. ನೀರು, ವಿದ್ಯುತ್, ಪಾಲಿಕೆ, ಕಂದಾಯ ಎಲ್ಲರನ್ನೂ ಒಟ್ಟಿಗೆ ಕರೆಸಬೇಕು. ಕಾಯ್ದೆಯ 8 ಮತ್ತು 9ನೇ ಸೆಕ್ಷನ್‌ಗಳು ಸರ್ಕಾರ ಮತ್ತು ಸ್ಥಳೀಯ ಸಂಸ್ಥೆ ಇಬ್ಬರ ಮೇಲೂ ಹೊಣೆ ಹಾಕಿವೆ.

ಆಡಳಿತದಲ್ಲಿ ಕೋರ್ಟು ಜಾಸ್ತಿ ಕೈ ಹಾಕಬಾರದು ಅನ್ನುವವರಿದ್ದಾರೆ. ಸರಿ, ಆದರೆ ಇಲ್ಲಿ ಕೇಳುತ್ತಿರುವುದು ಹೊಸ ನೀತಿಯನ್ನಲ್ಲ. ಸಂಸತ್ತೇ ಮಾಡಿದ ಕಾಯ್ದೆಯ ಪಟ್ಟಿಯನ್ನು ಪಾಲಿಸಿ ಅಂತ ಕೇಳುವುದು. ಕೋರ್ಟು ಅಬ್ಬರದ ಆದೇಶ ಮಾಡಬೇಕು ಅಂತಲೂ ನನಗಿಲ್ಲ. 2015ರಲ್ಲಿ ಅಲಹಾಬಾದ್ ಹೈಕೋರ್ಟು ಸರ್ಕಾರಿ ಅಧಿಕಾರಿಗಳು, ಜನಪ್ರತಿನಿಧಿಗಳು ತಮ್ಮ ಮಕ್ಕಳನ್ನು ಸರ್ಕಾರಿ ಶಾಲೆಗೇ ಕಳಿಸಬೇಕು ಅಂತ ಹೇಳಿತ್ತು. ಎಲ್ಲರೂ ಚಪ್ಪಾಳೆ ತಟ್ಟಿದರು, ಇವತ್ತಿಗೂ ನಮ್ಮಲ್ಲಿ ಅದರ ಮಾತು ಬರುತ್ತದೆ. ಅದು ಜಾರಿಗೆ ಬರಲೇ ಇಲ್ಲ. ನನಗೆ ಅಂಥದ್ದಕ್ಕಿಂತ ಸಣ್ಣ ಆದೇಶ ಬೇಕು, ಆದರೆ ಜಾರಿಯಾಗುವಂಥದ್ದು.

ಅದಕ್ಕೆ ಬೇಕಾದ ದಾರಿ ಕಾಯ್ದೆಯಲ್ಲೇ ಇದೆ. 21ನೇ ಸೆಕ್ಷನ್ ಪ್ರಕಾರ ಶಾಲಾ ಸಮಿತಿಯಲ್ಲಿ ಮುಕ್ಕಾಲು ಭಾಗ ಪೋಷಕರಿರಬೇಕು, ಅರ್ಧದಷ್ಟು ಮಹಿಳೆಯರಿರಬೇಕು. ಶಾಲೆ ಹೇಗೆ ನಡೆಯುತ್ತಿದೆ, ಬಂದ ದುಡ್ಡು ಎಲ್ಲಿ ಹೋಯಿತು ಅಂತ ನೋಡುವ ಅಧಿಕಾರ ಆ ಸಮಿತಿಗಿದೆ. 22ನೇ ಸೆಕ್ಷನ್ ಪ್ರಕಾರ ಅದೇ ಸಮಿತಿ ಶಾಲಾ ಅಭಿವೃದ್ಧಿ ಯೋಜನೆ ಬರೆಯಬೇಕು, ಸರ್ಕಾರದ ಅನುದಾನಕ್ಕೆ ಆ ಯೋಜನೆಯೇ ಆಧಾರ ಆಗಬೇಕು. ಕರ್ನಾಟಕದಲ್ಲಿ ಎಸ್‌ಡಿಎಂಸಿಗಳು ಈ ಕಾಯ್ದೆಗೂ ಮುಂಚೆ, 2001ರಿಂದಲೇ ಇವೆ. ಇಷ್ಟು ವರ್ಷದ ಸಮಿತಿಯನ್ನು ಧ್ವಜ ಹಾರಿಸುವ ದಿನ ಸಿಹಿ ಹಂಚಲು ಮಾತ್ರ ಕರೆಯುವುದು ಸಾಕು.

ನಾನು ಕೇಳುವುದು ಇಷ್ಟು. ಹೈಕೋರ್ಟಿಗೆ ಸಲ್ಲಿಸುವ ಪ್ರತಿ ವರದಿಯ ಜೊತೆ ಆಯಾ ಶಾಲೆಯ ಎಸ್‌ಡಿಎಂಸಿ ಅಧ್ಯಕ್ಷರ ಮತ್ತು ಒಬ್ಬ ತಾಯಿಯ ಸಹಿ ಇರುವ ಒಂದು ಪುಟ ಇರಲಿ. ಸಹಿ ಹಾಕುವ ಮುಂಚೆ ಅದನ್ನು ಪೋಷಕರ ಸಭೆಯಲ್ಲಿ ಕನ್ನಡದಲ್ಲಿ ಗಟ್ಟಿಯಾಗಿ ಓದಲಿ. ಇವತ್ತು ನಲ್ಲಿಯಲ್ಲಿ ನೀರು ಬಂತಾ, ಶೌಚಾಲಯದ ಬೀಗ ತೆಗೆದಿದೆಯಾ, ತೊಳೆದವರು ಯಾರು, ಅವರಿಗೆ ಸಂಬಳ ಕೊಟ್ಟವರು ಯಾರು, ಮಳೆ ಬಂದರೆ ಎಷ್ಟು ಕೊಠಡಿಯಲ್ಲಿ ಕೂರಬಹುದು. ನಾಲ್ಕೈದು ಪ್ರಶ್ನೆ ಸಾಕು. ಪೋಷಕರು ಇಲ್ಲ ಅಂದ ಕಡೆ ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರದವರು ಹೋಗಿ ನೋಡಿ ಬರಲಿ. ಎಲ್ಲ ಶಾಲೆಗೂ ಹೋಗುವ ಕಷ್ಟ ಅವರಿಗೂ ಇರುವುದಿಲ್ಲ.

ವಕೀಲರಲ್ಲಿ ಒಂದು ವಿನಂತಿ. ನಮ್ಮಂಥವರ ಕೈಯಲ್ಲಿ ಬರೆದಿಟ್ಟ ಯೋಜನೆ ಇದೆ, ಫೋಟೊ ಇದೆ, ಸಭೆಯ ನಡಾವಳಿ ಇದೆ. ಕೊಡಲು ದಾರಿ ಗೊತ್ತಿಲ್ಲ. ಮಹಿಳೆಯರಿಗೆ, ಮಕ್ಕಳಿಗೆ ಉಚಿತ ಕಾನೂನು ನೆರವು ಕೊಡಬೇಕು ಅಂತ 1987ರ ಕಾಯ್ದೆ ಹೇಳುತ್ತದೆ ಅಂತ ಓದಿದ್ದೇನೆ. ಶಾಲೆಗಳ ಅರ್ಜಿ ನಡೆಸುತ್ತಿರುವವರು ಒಂದು ಶನಿವಾರ ಮಧ್ಯಾಹ್ನ ನಮ್ಮ ಪೋಷಕರ ಸಭೆಗೆ ಬರಬಹುದಾ? ಅರ್ಜಿಯಲ್ಲಿ ಏನಿದೆ ಅಂತ ನಮಗೆ ಹೇಳಿ, ಶಾಲೆಯಲ್ಲಿ ಏನಿದೆ ಅಂತ ನಾವು ತೋರಿಸುತ್ತೇವೆ.

ಸಂಪಾದಕರೇ, 2013ರ ಆ ಕೇಸು ಹುಟ್ಟಿದ್ದು ಒಂದು ಪತ್ರಿಕಾ ವರದಿಯಿಂದ. ಕೋರ್ಟಿನ ಕಲಾಪದ ಸುದ್ದಿಯ ಜೊತೆಗೆ, ಆ ವಾರ ನಗರದ ಯಾವುದಾದರೂ ಒಂದು ಶಾಲೆಗೆ ವರದಿಗಾರರನ್ನು ಕಳಿಸಿ, ಅಧಿಕಾರಿಗಳ ವರದಿಯಲ್ಲಿ ಇರುವುದನ್ನೂ ಅಲ್ಲಿ ಕಂಡದ್ದನ್ನೂ ಅಕ್ಕಪಕ್ಕ ಪ್ರಕಟಿಸಿ. ನಮ್ಮ ಶಾಲೆಯಿಂದಲೇ ಶುರು ಮಾಡುವುದಾದರೆ ಎಸ್‌ಡಿಎಂಸಿ ಠರಾವು ಮಾಡಿ ಆಹ್ವಾನ ಕಳಿಸುತ್ತೇವೆ.

ಇಂತಿ,
ಒಬ್ಬ ವಿದ್ಯಾರ್ಥಿನಿಯ ತಾಯಿ, ಎಸ್‌ಡಿಎಂಸಿ ಸದಸ್ಯೆ
ಬೆಂಗಳೂರು